ನಾಲ್ಕು ಸೆಕೆಂಡಿಗೆ ಕೈತಪ್ಪಿದ ಪೊಲೀಸ್ ಕೆಲಸ: ಕೋರ್ಟ್ ಏನನ್ನು ನೋಡುತ್ತದೆ?

ಪ್ರಶ್ನೆ: ನನ್ನ ತಂಗಿ ಪೊಲೀಸ್ ನೇಮಕಾತಿಯ ಲಿಖಿತ ಪರೀಕ್ಷೆಯಲ್ಲಿ ಒಳ್ಳೆಯ ಅಂಕ ತೆಗೆದಿದ್ದಳು. ಓಟದಲ್ಲಿ ನಾಲ್ಕು ಸೆಕೆಂಡ್ ತಡವಾಯಿತು ಎಂದು ಹೊರಗಿಟ್ಟರು. ಈಗ ಕೆಲಸದಲ್ಲಿರುವ ಎಷ್ಟೋ ಪೊಲೀಸರಿಗೇ ಈ ಓಟ ಓಡಲು ಆಗುವುದಿಲ್ಲ, ಅಲ್ವಾ? ಇಂಥ ನಿಯಮವನ್ನು ಕೋರ್ಟಿನಲ್ಲಿ ಪ್ರಶ್ನಿಸಿದರೆ ಗೆಲ್ಲಬಹುದಾ? ಗಂಡಸರಿಗೊಂದು, ಹೆಂಗಸರಿಗೊಂದು ಮಟ್ಟ ಇಡುವುದು ಕಾನೂನಿಗೆ ಸರಿಯಾ?

ಉತ್ತರ: ವರ್ಷಗಟ್ಟಲೆ ತಯಾರಿ ಮಾಡಿ, ಕೊನೆಗೆ ನಾಲ್ಕು ಸೆಕೆಂಡಿಗೆ ಹೊರಬೀಳುವುದು ಎಷ್ಟು ನೋವಿನ ವಿಷಯ ಎಂದು ನನಗೆ ಗೊತ್ತು. ಆದರೂ ಮೊದಲೇ ಒಂದು ಮಾತು ಹೇಳಿಬಿಡುತ್ತೇನೆ. 'ಬರೀ ನಾಲ್ಕು ಸೆಕೆಂಡ್' ಎಂಬ ವಾದ ಹಿಡಿದು ಕೋರ್ಟಿಗೆ ಹೋದರೆ ಕೇಸು ನಿಲ್ಲುವುದಿಲ್ಲ. ಗೆರೆ ಎಲ್ಲಿ ಎಳೆದರೂ ಅದರ ಆಚೆಗೆ ಒಬ್ಬರು ಇದ್ದೇ ಇರುತ್ತಾರೆ. ನಿಮ್ಮ ತಂಗಿಗಾಗಿ ಗೆರೆಯನ್ನು ನಾಲ್ಕು ಸೆಕೆಂಡ್ ಸರಿಸಿದರೆ, ಐದು ಸೆಕೆಂಡ್ ತಡವಾದವರು ಮರುದಿನವೇ ಬಂದು ನಿಲ್ಲುತ್ತಾರೆ. ನ್ಯಾಯಾಧೀಶರಿಗೆ ಇದು ಚೆನ್ನಾಗಿ ಗೊತ್ತು.

ಆದರೆ 'ಈ ಗೆರೆಯನ್ನು ಇಲ್ಲೇ ಯಾಕೆ ಎಳೆದಿರಿ?' ಎಂದು ಕೇಳಿದರೆ ವಿಷಯ ಬೇರೆ. ಆಗ ಉತ್ತರ ಹೇಳಬೇಕಾದವರು ಇಲಾಖೆಯವರು. ಬೇರೆ ಬೇರೆ ದೇಶಗಳಲ್ಲಿ ಇಂಥ ಕೇಸು ಗೆದ್ದವರಲ್ಲಿ ಹೆಚ್ಚಿನವರು ಗೆದ್ದಿದ್ದು ಈ ಪ್ರಶ್ನೆಯಿಂದಲೇ.

ಒಂದು ಕೇಸನ್ನು ಸ್ವಲ್ಪ ವಿವರವಾಗಿ ಹೇಳುತ್ತೇನೆ. ಇದು ಪೊಲೀಸ್ ಕೇಸಲ್ಲ, ಕಾಡಿನ ಬೆಂಕಿ ಆರಿಸುವವರ ಕೇಸು. ಆದರೆ ದೈಹಿಕ ಪರೀಕ್ಷೆಯ ಬಗ್ಗೆ ಯಾರು ವಾದ ಮಾಡಿದರೂ ಇದು ಬರುತ್ತದೆ. ಕೆನಡಾದ ಬ್ರಿಟಿಷ್ ಕೊಲಂಬಿಯಾದಲ್ಲಿ ಟಾವ್ನಿ ಮೆಯೋರಿನ್ ಎಂಬ ಮಹಿಳೆ ಮೂರು ವರ್ಷ ಈ ಕೆಲಸ ಮಾಡಿದ್ದರು. ಕೆಲಸದ ಬಗ್ಗೆ ದೂರು ಇರಲಿಲ್ಲ. ಆಮೇಲೆ ಸರ್ಕಾರ ಹೊಸ ಫಿಟ್‌ನೆಸ್ ಪರೀಕ್ಷೆ ತಂದಿತು. ಅದರಲ್ಲಿ ನಾಲ್ಕು ಭಾಗ. ಭಾರ ಎತ್ತುವುದು, ಪಂಪ್ ಹೊರುವುದು, ಪೈಪ್ ಎಳೆಯುವುದು ಇಂಥವನ್ನೆಲ್ಲ ಅವರು ಪಾಸು ಮಾಡಿದರು. ಉಳಿದದ್ದು ಒಂದೇ ಓಟ. 2.5 ಕಿಲೋಮೀಟರನ್ನು 11 ನಿಮಿಷದಲ್ಲಿ ಮುಗಿಸಬೇಕು. ನಾಲ್ಕು ಸಲ ಓಡಿದರು. ಅವರ ಅತ್ಯುತ್ತಮ ಸಮಯ 11 ನಿಮಿಷ 49.4 ಸೆಕೆಂಡ್. 1994ರಲ್ಲಿ ಕೆಲಸ ಹೋಯಿತು.

ಗಮನಿಸಿ, ಅವರಿಗೆ ತಡವಾಗಿದ್ದು ನಾಲ್ಕಲ್ಲ, 49 ಸೆಕೆಂಡ್. ಆದರೂ 1999ರಲ್ಲಿ ಕೆನಡಾದ ಸುಪ್ರೀಂ ಕೋರ್ಟಿನಲ್ಲಿ ಗೆದ್ದರು. ಹೇಗೆ? ಆ 11 ನಿಮಿಷದ ಹಿಂದೆ ಇದ್ದದ್ದು ದೇಹ ಆಮ್ಲಜನಕ ಬಳಸುವ ಸಾಮರ್ಥ್ಯದ ಒಂದು ಅಳತೆ: ಪ್ರತಿ ಕಿಲೋ ದೇಹತೂಕಕ್ಕೆ ನಿಮಿಷಕ್ಕೆ 50 ಮಿಲಿಲೀಟರ್. ಅರ್ಜಿ ಹಾಕಿದ ಗಂಡಸರಲ್ಲಿ ಶೇ. 65ರಿಂದ 70 ಮಂದಿ ಮೊದಲ ಪ್ರಯತ್ನದಲ್ಲೇ ಈ ಮಟ್ಟ ಮುಟ್ಟುತ್ತಿದ್ದರು. ಹೆಂಗಸರಲ್ಲಿ ಶೇ. 35 ಮಾತ್ರ. ಕೋರ್ಟ್ ಕೇಳಿದ್ದು ಇಷ್ಟೇ: ಬೆಂಕಿ ಆರಿಸುವ ಕೆಲಸವನ್ನು ಸುರಕ್ಷಿತವಾಗಿ ಮಾಡಲು ಈ 50 ಎಂಬ ಸಂಖ್ಯೆ ಬೇಕೇ ಬೇಕು ಎಂದು ತೋರಿಸುತ್ತೀರಾ? ಸರ್ಕಾರಕ್ಕೆ ತೋರಿಸಲು ಆಗಲಿಲ್ಲ. ಅವರ ಅಧ್ಯಯನ ಒಳ್ಳೆಯ ಕೆಲಸಗಾರರು ಹೇಗಿದ್ದಾರೆ ಎಂದು ವರ್ಣಿಸಿತ್ತು. ಅದಕ್ಕಿಂತ ಕಡಿಮೆ ಇದ್ದವರು ಕೆಲಸ ಮಾಡಲಾರರು ಎಂದು ಅದು ಎಲ್ಲೂ ಸಾಬೀತು ಮಾಡಿರಲಿಲ್ಲ. ಹೆಂಗಸರನ್ನೂ ಗಂಡಸರನ್ನೂ ಬೇರೆ ಬೇರೆಯಾಗಿ ನೋಡಿಯೂ ಇರಲಿಲ್ಲ. ಮೆಯೋರಿನ್‌ಗೆ ಕೆಲಸ ವಾಪಸ್ ಸಿಕ್ಕಿತು, ಕಳೆದುಕೊಂಡ ಸಂಬಳಕ್ಕೆ ಪರಿಹಾರವೂ ಸಿಕ್ಕಿತು.

ಈ ತೀರ್ಪು ಒಂದು ಕ್ರಮವನ್ನು ಹಾಕಿಕೊಟ್ಟಿತು. ಮೊದಲು, ಮಟ್ಟದ ಉದ್ದೇಶಕ್ಕೂ ಕೆಲಸಕ್ಕೂ ಸಂಬಂಧ ಇರಬೇಕು. ಎರಡನೆಯದು, ಅದನ್ನು ಪ್ರಾಮಾಣಿಕವಾಗಿ ನಂಬಿ ಇಟ್ಟಿರಬೇಕು. ಈ ಎರಡರಲ್ಲಿ ಇಲಾಖೆಗಳು ಸಾಮಾನ್ಯವಾಗಿ ಪಾಸಾಗುತ್ತವೆ. ಪೊಲೀಸರಿಗೆ ದೇಹಶಕ್ತಿ ಬೇಕು ಎಂಬುದನ್ನು ಯಾರೂ ಅಲ್ಲಗಳೆಯುವುದಿಲ್ಲ. ಸಿಕ್ಕಿಬೀಳುವುದು ಮೂರನೆಯದರಲ್ಲಿ: ಇದೇ ಮಟ್ಟ ನಿಜವಾಗಿ ಅಗತ್ಯವೇ, ಬೇರೆ ದಾರಿಯಲ್ಲಿ ಅದೇ ಉದ್ದೇಶ ಈಡೇರಿಸಿದರೆ ಸಂಸ್ಥೆಗೆ ತಡೆಯಲಾಗದಷ್ಟು ತೊಂದರೆ ಆಗುತ್ತದೆಯೇ ಎಂಬ ಪ್ರಶ್ನೆಯಲ್ಲಿ. ನಿಮ್ಮ ವಕೀಲರು ಜಾಸ್ತಿ ಸಮಯ ಕೊಡಬೇಕಾದದ್ದು ಇಲ್ಲಿಗೇ.

ಎತ್ತರ, ತೂಕದ ನಿಯಮಗಳು ಈ ಪ್ರಶ್ನೆಯ ಮುಂದೆ ಬೇಗ ಕುಸಿಯುತ್ತವೆ. ಅಮೆರಿಕದ ಅಲಬಾಮಾದಲ್ಲಿ ಜೈಲಿನ ಕಾವಲು ಕೆಲಸಕ್ಕೆ ಕನಿಷ್ಠ 5 ಅಡಿ 2 ಇಂಚು ಎತ್ತರ, 120 ಪೌಂಡ್ ತೂಕ, ಅಂದರೆ ಸುಮಾರು 54 ಕಿಲೋ ಇರಬೇಕಿತ್ತು. ಡಯಾನ್ ರಾಲಿನ್‌ಸನ್ ಎಂಬ ಯುವತಿಗೆ ತೂಕ ಸಾಲದೆ ಕೆಲಸ ಸಿಗಲಿಲ್ಲ. ಎರಡೂ ನಿಯಮ ಸೇರಿ ದೇಶದ ಹೆಂಗಸರಲ್ಲಿ ಶೇ. 41ಕ್ಕಿಂತ ಜಾಸ್ತಿ ಮಂದಿಯನ್ನು ಹೊರಗಿಡುತ್ತಿದ್ದವು, ಗಂಡಸರಲ್ಲಿ ಶೇ. 1ಕ್ಕಿಂತ ಕಡಿಮೆ. 1977ರಲ್ಲಿ ಅಲ್ಲಿನ ಸುಪ್ರೀಂ ಕೋರ್ಟ್ ಆ ನಿಯಮವನ್ನು ತೆಗೆದುಹಾಕಿತು. ನಿಮಗೆ ಬೇಕಾದದ್ದು ಶಕ್ತಿ ಆದರೆ ಶಕ್ತಿಯನ್ನೇ ಅಳೆಯಿರಿ ಎಂದಿತು. ಪೂರ್ತಿ ಗೆಲುವು ಎನ್ನಲಾರೆ. ಗಂಡಸರ ಅತಿ ಭದ್ರತೆಯ ಜೈಲುಗಳಲ್ಲಿ ಕೈದಿಗಳ ನಡುವೆ ಮಾಡುವ ಕೆಲಸಕ್ಕೆ ಹೆಂಗಸರನ್ನು ತೆಗೆದುಕೊಳ್ಳದಿರುವ ಇನ್ನೊಂದು ನಿಯಮವನ್ನು ಅದೇ ತೀರ್ಪು ಎತ್ತಿಹಿಡಿಯಿತು.

ನಲವತ್ತು ವರ್ಷದ ನಂತರ ಗ್ರೀಸಿನ ಪೊಲೀಸ್ ಶಾಲೆಯ ವಿಷಯದಲ್ಲಿ ಐರೋಪ್ಯ ಒಕ್ಕೂಟದ ನ್ಯಾಯಾಲಯ ಹೆಚ್ಚುಕಡಿಮೆ ಇದೇ ಮಾತು ಹೇಳಿತು. ಅಲ್ಲಿ ಗಂಡಿರಲಿ ಹೆಣ್ಣಿರಲಿ ಎಲ್ಲರಿಗೂ ಕನಿಷ್ಠ 1.70 ಮೀಟರ್. ಮಾರಿಯಾ ಎಲೆನಿ ಕಲ್ಲಿರಿ ಅವರ ಎತ್ತರ 1.68. ಎರಡು ಸೆಂಟಿಮೀಟರ್ ಕಡಿಮೆ ಎಂದು ಅವರ ಅರ್ಜಿಯನ್ನೇ ಹಿಂದಿರುಗಿಸಿದ್ದರು. 2017ರ ಅಕ್ಟೋಬರ್ 18ರ ತೀರ್ಪಿನಲ್ಲಿ ಕೋರ್ಟ್ ಹೇಳಿದ ಒಂದು ವಿಷಯ ನನಗೆ ಬಹಳ ಮುಖ್ಯ ಅನಿಸುತ್ತದೆ. ಪೊಲೀಸ್ ಕೆಲಸ ಎಂದರೆ ಒಂದೇ ಕೆಲಸ ಅಲ್ಲ. ಜನರಿಗೆ ನೆರವಾಗುವುದು, ಸಂಚಾರ ನೋಡಿಕೊಳ್ಳುವುದು ಕೂಡ ಅದರಲ್ಲಿದೆ. ಬಲ ಬೇಕಾಗುವ ಕೆಲಸಗಳಿಗೂ ಬಲ ಎತ್ತರದಿಂದಲೇ ಬರುತ್ತದೆ ಎಂದೇನಿಲ್ಲ. ಇನ್ನೊಂದು, ಅದೇ ದೇಶದ ಸೇನೆಯಲ್ಲಿ, ಕರಾವಳಿ ಕಾವಲಿನಲ್ಲಿ ಹೆಂಗಸರಿಗೆ 1.60 ಸಾಕಿತ್ತು. ಅಲ್ಲಿ ಸಾಕಾದದ್ದು ಇಲ್ಲಿ ಯಾಕೆ ಸಾಲದು? ಈ ಹೋಲಿಕೆಯನ್ನು ನೆನಪಿಡಿ. ಇಂಥದೇ ಕೆಲಸಕ್ಕೆ ಬೇರೆ ಪಡೆಗಳು ಎಷ್ಟು ಕೇಳುತ್ತವೆ ಎಂದು ಹುಡುಕಿ ತೆಗೆದರೆ ಅದು ಗಟ್ಟಿ ಸಾಕ್ಷ್ಯ.

ಈಗ ಓಟಕ್ಕೆ ಬರೋಣ. ಓಟವನ್ನು ಅಲ್ಲಾಡಿಸುವುದು ಎತ್ತರದಷ್ಟು ಸುಲಭ ಅಲ್ಲ, ಏಕೆಂದರೆ ಅದು ದೇಹದ ಸಾಮರ್ಥ್ಯವನ್ನೇ ಅಳೆಯುತ್ತದೆ. ನಿಮ್ಮ ಪ್ರಶ್ನೆಗೆ ಅತಿ ಹತ್ತಿರದ ಕೇಸು ಅಮೆರಿಕದ ಫಿಲಡೆಲ್ಫಿಯಾದ ಸಾರಿಗೆ ಪೊಲೀಸರದ್ದು. ಅಲ್ಲಿ 1.5 ಮೈಲಿ, ಅಂದರೆ ಸುಮಾರು 2.4 ಕಿಲೋಮೀಟರ್ ದೂರವನ್ನು 12 ನಿಮಿಷದಲ್ಲಿ ಓಡಬೇಕಿತ್ತು. 1991ರಲ್ಲಿ ಪಾಸಾದವರು ಗಂಡಸರಲ್ಲಿ ಸುಮಾರು ಶೇ. 60, ಹೆಂಗಸರಲ್ಲಿ ಸುಮಾರು ಶೇ. 12. ಪರೀಕ್ಷೆ ರೂಪಿಸಿದ ತಜ್ಞರು ಮೊದಲು ಅದೇ ಆಮ್ಲಜನಕದ ಅಳತೆಯಲ್ಲಿ 50 ಮಿಲಿಲೀಟರ್ ಮಟ್ಟ ಬೇಕು ಎಂದುಕೊಂಡಿದ್ದರು. ಅದರಿಂದ ಹೆಂಗಸರು ತೀರಾ ಕಡಿಮೆ ಆಗುತ್ತಾರೆ ಎಂದು ಆಮೇಲೆ 42.5ಕ್ಕೆ ಇಳಿಸಿದರು.

ನೀವು ಎತ್ತಿದ ಪ್ರಶ್ನೆಯೇ ಅಲ್ಲೂ ಎದ್ದಿತು. ಕೆಲಸದಲ್ಲಿದ್ದ ಎಷ್ಟೋ ಅಧಿಕಾರಿಗಳು ಇದೇ ಓಟದಲ್ಲಿ ಫೇಲಾಗಿದ್ದರು, ಅವರಿಗೆ ಏನೂ ಆಗಿರಲಿಲ್ಲ. ಕೆಲವರಿಗೆ ಪ್ರಶಂಸೆ, ಬಡ್ತಿ ಕೂಡ ಸಿಕ್ಕಿತ್ತು. ಓಟದಲ್ಲಿ ಫೇಲಾಗಿದ್ದ ಒಬ್ಬ ಮಹಿಳೆಯನ್ನು ಕಣ್ತಪ್ಪಿನಿಂದ ಕೆಲಸಕ್ಕೆ ತೆಗೆದುಕೊಂಡಿದ್ದರು. ಅವರ ಹೆಸರು ಮುಂದೆ ವರ್ಷದ ಉತ್ತಮ ಅಧಿಕಾರಿ ಗೌರವಕ್ಕೆ ಸೂಚಿತವಾಯಿತು! 1999ರಲ್ಲಿ ಮೇಲ್ಮನವಿ ಕೋರ್ಟ್ ಮಹಿಳೆಯರ ಪರ ಮಾತಾಡಿತು. ಕಟ್-ಆಫ್ ಎಂಬುದು ಕೆಲಸಕ್ಕೆ ಬೇಕಾದ ಕನಿಷ್ಠ ಅರ್ಹತೆಯನ್ನು ಅಳೆಯಬೇಕು, 'ಜಾಸ್ತಿ ಇದ್ದಷ್ಟೂ ಒಳ್ಳೆಯದು' ಎನ್ನುವುದು ಕಾರಣ ಆಗಲಾರದು ಎಂದಿತು. ಕೇಸು ಕೆಳ ಕೋರ್ಟಿಗೆ ಮರಳಿತು.

ಆದರೆ ಕಥೆ ಅಲ್ಲಿಗೆ ಮುಗಿಯಲಿಲ್ಲ. ಇಲಾಖೆ ಈ ಸಲ ಅಂಕಿಅಂಶ ತಂದಿತು. ಓಟದಲ್ಲಿ ಪಾಸಾದವರು ಕೆಲಸಕ್ಕೆ ಸಂಬಂಧಿಸಿದ ಕಾರ್ಯಗಳಲ್ಲಿ ಶೇ. 70ರಿಂದ 90ರಷ್ಟು ಯಶಸ್ವಿ ಆಗುತ್ತಿದ್ದರು, ಫೇಲಾದವರು ಶೇ. 5ರಿಂದ 20ರಷ್ಟು. ಜೊತೆಗೆ, ಸಾಧಾರಣ ತರಬೇತಿ ಮಾಡಿದರೆ ಹೆಚ್ಚಿನ ಹೆಂಗಸರು ಈ ಸಮಯ ಮುಟ್ಟಬಲ್ಲರು ಎಂದೂ ಕೋರ್ಟಿಗೆ ಅನಿಸಿತು. 2002ರಲ್ಲಿ ಅದೇ ಮೇಲ್ಮನವಿ ಕೋರ್ಟ್ 12 ನಿಮಿಷದ ಮಿತಿಯನ್ನು ಒಪ್ಪಿತು. ಪೀಠದ ಒಬ್ಬ ನ್ಯಾಯಾಧೀಶರು ಒಪ್ಪಲಿಲ್ಲ. ನನಗೂ ಆ ಭಿನ್ನಮತದ ಕಡೆಗೇ ಒಲವು. ಕೆಲಸದಲ್ಲಿರುವವರಿಗೆ ಲೆಕ್ಕಕ್ಕಿಲ್ಲದ ಮಟ್ಟವನ್ನು ಬಾಗಿಲಲ್ಲಿ ನಿಂತವರಿಗೆ ಮಾತ್ರ 'ಕನಿಷ್ಠ' ಎನ್ನುವುದು ನನಗೆ ಸರಿ ಕಾಣುವುದಿಲ್ಲ. ಆದರೆ ನನ್ನ ಅಭಿಪ್ರಾಯ ನಿಮ್ಮ ಕೇಸು ಗೆಲ್ಲಿಸುವುದಿಲ್ಲ. ಇಲಾಖೆಯ ಬಳಿ ಅಧ್ಯಯನ ಇದ್ದರೆ ಅದನ್ನು ಒಡೆಯಬಲ್ಲ ತಜ್ಞರು ನಿಮ್ಮ ಕಡೆಗೂ ಬೇಕು.

ಹಾಗೆ ಒಡೆದ ಉದಾಹರಣೆಯೂ ಇದೆ. ಷಿಕಾಗೋ ಅಗ್ನಿಶಾಮಕ ಇಲಾಖೆಯ ಪ್ಯಾರಾಮೆಡಿಕ್, ಅಂದರೆ ಆಂಬುಲೆನ್ಸ್‌ನಲ್ಲಿ ತುರ್ತು ಚಿಕಿತ್ಸೆ ಕೊಡುವವರ ಕೆಲಸಕ್ಕೆ ಅರ್ಜಿ ಹಾಕಿದ್ದ ಐವರು ಮಹಿಳೆಯರು ದೈಹಿಕ ಪರೀಕ್ಷೆಯಲ್ಲಿ ಫೇಲಾಗಿದ್ದರು. ಪರೀಕ್ಷೆಯ ಹಿಂದೆ ಅಧ್ಯಯನವೇನೋ ಇತ್ತು. ಆದರೆ ಅದರಲ್ಲಿ ಭಾಗವಹಿಸಿದ್ದವರು ತಾವಾಗಿ ಮುಂದೆ ಬಂದ ಸ್ವಯಂಸೇವಕರು, ಸಾಮಾನ್ಯ ಪ್ಯಾರಾಮೆಡಿಕ್‌ಗಿಂತ ಗಟ್ಟಿಮುಟ್ಟಾದವರು. ಅಂಥವರನ್ನು ಇಟ್ಟುಕೊಂಡು ಕನಿಷ್ಠ ಮಟ್ಟ ಗೊತ್ತು ಮಾಡಿದರೆ ಅದು ಮೇಲಕ್ಕೇ ಹೋಗುತ್ತದೆ. 2016ರಲ್ಲಿ ಮೇಲ್ಮನವಿ ಕೋರ್ಟ್ ಆ ಅಧ್ಯಯನ ನಂಬಲು ಅರ್ಹವಲ್ಲ ಎಂದಿತು. ಆದ್ದರಿಂದ ಮಟ್ಟ ಗೊತ್ತುಮಾಡಲು ಯಾರನ್ನು ಓಡಿಸಿದರು, ಎಷ್ಟು ಮಂದಿಯನ್ನು, ಅವರಲ್ಲಿ ಹೆಂಗಸರು ಎಷ್ಟು ಎಂದು ಕೇಳಿ. ಅವರೆಲ್ಲರ ಸರಾಸರಿಯನ್ನೇ ಕನಿಷ್ಠ ಎಂದು ಇಟ್ಟಿದ್ದರೆ ಇನ್ನೂ ವಿಚಿತ್ರ. ಸರಾಸರಿಯೇ ಕನಿಷ್ಠವಾದರೆ ಓಡಿ ತೋರಿಸಿದ ಪೊಲೀಸರಲ್ಲೇ ಹತ್ತಿರ ಹತ್ತಿರ ಅರ್ಧದಷ್ಟು ಮಂದಿ ಫೇಲ್.

ಎರಡನೇ ಪ್ರಶ್ನೆ, ಗಂಡಸರಿಗೊಂದು ಹೆಂಗಸರಿಗೊಂದು ಮಟ್ಟ. ಇದನ್ನು ಪ್ರಶ್ನಿಸಿ ಕೋರ್ಟಿಗೆ ಹೋದ ಪ್ರಸಿದ್ಧ ವ್ಯಕ್ತಿ ಒಬ್ಬ ಗಂಡಸು. ಜೇ ಬಾವರ್ 2009ರಲ್ಲಿ ಎಫ್‌ಬಿಐ ಅಕಾಡೆಮಿಯಲ್ಲಿ ತರಬೇತಿಯಲ್ಲಿದ್ದರು. ಬೇರೆ ಎಲ್ಲದರಲ್ಲೂ ಪಾಸು. ಪುಷ್-ಅಪ್ 30 ಮಾಡಬೇಕಿತ್ತು, ಕೊನೆಯ ಪ್ರಯತ್ನದಲ್ಲಿ 29ಕ್ಕೆ ನಿಂತಿತು. ಹೆಂಗಸರಿಗೆ 14 ಸಾಕಿತ್ತು. ನಾನು ಹೆಣ್ಣಾಗಿದ್ದರೆ ಎರಡು ಪಟ್ಟು ಮಾಡಿ ಪಾಸಾಗುತ್ತಿದ್ದೆ, ಇದು ತಾರತಮ್ಯ ಎಂದು ವಾದಿಸಿದರು. 2014ರಲ್ಲಿ ಕೆಳ ಕೋರ್ಟ್ ಹೌದು ಎಂದಿತು. 2016ರಲ್ಲಿ ಮೇಲ್ಮನವಿ ಕೋರ್ಟ್ ಅದನ್ನು ಒಪ್ಪಲಿಲ್ಲ. ಗಂಡು ಹೆಣ್ಣಿನ ದೇಹ ಒಂದೇ ಥರ ಇಲ್ಲ, ಇಬ್ಬರ ಮೇಲೂ ಬೀಳುವ ಹೊರೆ ಸಮನಾಗಿದ್ದರೆ ಬೇರೆ ಬೇರೆ ಸಂಖ್ಯೆ ಇಡುವುದು ತಾರತಮ್ಯ ಅಲ್ಲ ಎಂದಿತು.

ಆ ಪರೀಕ್ಷೆಯ ಅಂಕಿಗಳನ್ನು ಹತ್ತಿರದಿಂದ ನೋಡಿದರೆ ಕೋರ್ಟ್ ಹೇಳಿದ್ದು ಅರ್ಥವಾಗುತ್ತದೆ. ಸಿಟ್-ಅಪ್ ಗಂಡಸರಿಗೆ 38, ಹೆಂಗಸರಿಗೆ 35, ಹೆಚ್ಚು ಅಂತರ ಇಲ್ಲ. ಒಂದೂವರೆ ಮೈಲಿ ಓಟದಲ್ಲಿ 12 ನಿಮಿಷ 42 ಸೆಕೆಂಡ್ ಮತ್ತು 13 ನಿಮಿಷ 56 ಸೆಕೆಂಡ್, 74 ಸೆಕೆಂಡ್ ಅಂತರ. ಪುಷ್-ಅಪ್‌ನಲ್ಲಿ ಮಾತ್ರ ಅರ್ಧಕ್ಕಿಂತ ಕಡಿಮೆ. ಭುಜ, ತೋಳುಗಳ ಶಕ್ತಿಯಲ್ಲಿ ಗಂಡು ಹೆಣ್ಣಿನ ಸರಾಸರಿ ಅಂತರ ಕಾಲಿನ ಶಕ್ತಿಗಿಂತ ಜಾಸ್ತಿ. ಹಾಗಾಗಿ ಒಂದೊಂದಕ್ಕೂ ಅಂತರ ಬೇರೆ. ಸುಮ್ನೆ ರಿಯಾಯಿತಿ ಕೊಟ್ಟಿದ್ದರೆ ಎಲ್ಲದರಲ್ಲೂ ಒಂದೇ ಪ್ರಮಾಣ ಇರುತ್ತಿತ್ತು.

ಇಲ್ಲಿ ನನ್ನ ನಿಲುವು ಹೇಳುತ್ತೇನೆ. ಪುಷ್-ಅಪ್, ಓಟ ಇವು ಒಟ್ಟಾರೆ ಆರೋಗ್ಯ, ಶಿಸ್ತು, ತಾಲೀಮು ನೋಡುವ ಪರೀಕ್ಷೆಗಳು. ಯಾವ ಪೊಲೀಸರೂ ಕಳ್ಳನ ಮುಂದೆ ಪುಷ್-ಅಪ್ ಮಾಡುವುದಿಲ್ಲ. ಇಂಥದಕ್ಕೆ ಎರಡು ಮಟ್ಟ ಇಡುವುದು ನ್ಯಾಯ. ಅದೇ ಪ್ರಜ್ಞೆ ತಪ್ಪಿದವರನ್ನು ಎಳೆದು ಹೊರತರುವುದು, ಗೋಡೆ ಹತ್ತುವುದು ಇಂಥ ಕೆಲಸದ ತುಣುಕನ್ನೇ ಪರೀಕ್ಷೆ ಮಾಡಿದ್ದರೆ ಒಂದೇ ಮಟ್ಟ ಸರಿ. ಬಿದ್ದ ಮನುಷ್ಯನ ತೂಕ ಎಳೆಯುವವರನ್ನು ನೋಡಿ ಬದಲಾಗುವುದಿಲ್ಲ. ಆದರೆ ಆ ತೂಕ, ಆ ದೂರ, ಆ ಸಮಯ ನಿಜವಾದ ಕೆಲಸದಿಂದಲೇ ಬಂದಿರಬೇಕು.

ವಯಸ್ಸಿನ ಮಿತಿಯಲ್ಲೂ ಇದೇ ನಡೆಯುತ್ತದೆ. ಸ್ಪೇನಿನ ಎರಡು ಕೇಸು ಒಂದೇ ಐರೋಪ್ಯ ನ್ಯಾಯಾಲಯದ ಮುಂದೆ ಬಂದವು. ಸ್ಥಳೀಯ ಪೊಲೀಸರಿಗೆ 30 ವರ್ಷದ ಮಿತಿ 2014ರಲ್ಲಿ ಬಿತ್ತು. ಕಠಿಣ ದೈಹಿಕ ಪರೀಕ್ಷೆ ಹೇಗೂ ಇದೆಯಲ್ಲ, ಮತ್ತೆ ವಯಸ್ಸು ಯಾಕೆ ಎಂದಿತು ಕೋರ್ಟ್. ಬಾಸ್ಕ್ ಪ್ರಾಂತ್ಯದ ಪೊಲೀಸರಿಗೆ ಇದ್ದ 35ರ ಮಿತಿ 2016ರಲ್ಲಿ ಉಳಿಯಿತು. ಅಲ್ಲಿನ ಕೆಲಸ ಹೆಚ್ಚಾಗಿ ಬೀದಿಗಿಳಿದು ಮಾಡುವಂಥದು. ಪಡೆಗೆ ವಯಸ್ಸಾಗುತ್ತಿದೆ ಎಂಬುದಕ್ಕೆ ಲೆಕ್ಕವನ್ನೂ ಒದಗಿಸಿದ್ದರು. ಲೆಕ್ಕ ತೋರಿಸಿದವರು ಗೆದ್ದರು.

ಭಾರತದಲ್ಲಿ ಕೋರ್ಟುಗಳು ಮಟ್ಟ ಎಷ್ಟಿರಬೇಕು ಎಂಬ ವಿಷಯಕ್ಕೆ ಕೈಹಾಕಲು ಹಿಂದೇಟು ಹಾಕುತ್ತವೆ, ಅದು ತಜ್ಞರಿಗೆ ಬಿಟ್ಟದ್ದು ಎನ್ನುತ್ತವೆ. ಆದರೆ 2021ರ ನಿತಿಷಾ ತೀರ್ಪು ಒಂದು ಬಾಗಿಲು ತೆರೆದಿದೆ. ಅದು ಸೇನೆಯ ಮಹಿಳಾ ಅಧಿಕಾರಿಗಳ ಕೇಸು. ಗಂಡಸರನ್ನು 5 ಅಥವಾ 10 ವರ್ಷ ಸೇವೆಯಾದಾಗ ಅಳೆದಿದ್ದ ವೈದ್ಯಕೀಯ ಮಟ್ಟವನ್ನು ಹೆಂಗಸರಿಗೆ ನಲವತ್ತು ದಾಟಿದ ಮೇಲೆ ಹಾಕಿದ್ದರು. ಕಾಗದದ ಮೇಲೆ ಎಲ್ಲರಿಗೂ ಒಂದೇ ನಿಯಮ. ಪರಿಣಾಮದಲ್ಲಿ ಅಸಮಾನ. ಇದು ಪರೋಕ್ಷ ತಾರತಮ್ಯ ಎಂದು ಸುಪ್ರೀಂ ಕೋರ್ಟ್ ಹೇಳಿತು. ಓಟದ ನಿಯಮವನ್ನು ಪ್ರಶ್ನಿಸುವವರು ಸಂವಿಧಾನದ 14, 15 ಮತ್ತು 16ನೇ ವಿಧಿಗಳ ಜೊತೆ ಈ ತೀರ್ಪನ್ನೂ ಮುಂದಿಡಬೇಕು.

ಇಷ್ಟೆಲ್ಲ ಹೇಳಿದ ಮೇಲೆ ಒಂದು ಪ್ರಾಯೋಗಿಕ ಮಾತು. ನಿಯಮವನ್ನೇ ಪ್ರಶ್ನಿಸುವುದಕ್ಕಿಂತ ಪರೀಕ್ಷೆ ನಡೆಸಿದ ರೀತಿಯನ್ನು ಪ್ರಶ್ನಿಸುವುದು ಹೆಚ್ಚು ಸಲ ಫಲ ಕೊಡುತ್ತದೆ. ನಾಲ್ಕು ಸೆಕೆಂಡಿನ ಅಂತರದಲ್ಲಂತೂ ಇದು ದೊಡ್ಡ ವಿಷಯ. ಸಮಯ ಅಳೆದದ್ದು ಕೈಗಡಿಯಾರದಲ್ಲೋ, ಕಾಲಿಗೆ ಕಟ್ಟಿದ ಚಿಪ್‌ನಲ್ಲೋ? ಲೆಕ್ಕ ಶುರುವಾದದ್ದು ಶಿಳ್ಳೆ ಹೊಡೆದಾಗಲೋ, ಅವಳು ಗೆರೆ ದಾಟಿದಾಗಲೋ? ದೊಡ್ಡ ಗುಂಪಿನ ಹಿಂದಿನ ಸಾಲಿನಲ್ಲಿ ನಿಂತಿದ್ದರೆ ಗೆರೆ ದಾಟುವಷ್ಟರಲ್ಲೇ ನಾಲ್ಕು ಸೆಕೆಂಡ್ ಕಳೆಯಬಹುದು. ಟ್ರ್ಯಾಕಿನ ಉದ್ದ ಯಾರು ಅಳೆದರು? ಮಳೆ ಬಂದಿತ್ತಾ? ಅದೇ ದಿನ ಬೇರೆ ಗುಂಪಿಗೆ ಮರು ಅವಕಾಶ ಕೊಟ್ಟರಾ? ವಿಡಿಯೋ ದಾಖಲೆ ಇದ್ದರೆ ಅಳಿಸುವ ಮೊದಲೇ ಕೇಳಿ. ಎತ್ತರದಲ್ಲಿ ಹೊರಬಿದ್ದವರಿಗೂ ಒಂದು ಸುಳಿವು: ಬೆಳಗ್ಗೆ ಎದ್ದಾಗ ಇದ್ದ ಎತ್ತರ ಸಂಜೆಗೆ ಸುಮಾರು ಒಂದು ಸೆಂಟಿಮೀಟರ್ ಇಳಿಯುತ್ತದೆ, ಬೆನ್ನುಮೂಳೆಯ ನಡುವಿನ ಡಿಸ್ಕ್‌ಗಳು ದಿನವಿಡೀ ಅದುಮಿ ಹೋಗುವುದರಿಂದ. ಯಾವ ಹೊತ್ತಿನಲ್ಲಿ ಅಳೆದರು ಎಂಬುದು ಮರು ಅಳತೆ ಕೇಳಲು ಒಳ್ಳೆಯ ಕಾರಣ.

ನೋಟಿಫಿಕೇಶನ್ ಹೊರಟ ಮೇಲೆ ಓಟದ ಸಮಯವನ್ನೋ ದೂರವನ್ನೋ ಬದಲಿಸಿದ್ದರೆ ತಕ್ಷಣ ವಕೀಲರಿಗೆ ಹೇಳಿ. ಭರ್ತಿ ಶುರುವಾದ ಮೇಲೆ ಅರ್ಹತೆಯ ನಿಯಮ ಬದಲಿಸುವಂತಿಲ್ಲ, ನಿಯಮಗಳೇ ಅದಕ್ಕೆ ಅವಕಾಶ ಕೊಟ್ಟಿದ್ದರೆ ಬೇರೆ ಮಾತು ಎಂದು 2024ರ ನವೆಂಬರಿನಲ್ಲಿ ಸುಪ್ರೀಂ ಕೋರ್ಟಿನ ಐವರ ಪೀಠ ಹೇಳಿದೆ. ಇದರ ಇನ್ನೊಂದು ಮಗ್ಗುಲನ್ನೂ ತಿಳಿದಿರಿ. ನಿಯಮ ಗೊತ್ತಿದ್ದೂ ತಕರಾರಿಲ್ಲದೆ ಓಡಿ, ಫೇಲಾದ ಮೇಲೆ ನಿಯಮವೇ ತಪ್ಪು ಎನ್ನುವವರನ್ನು ಕೋರ್ಟುಗಳು ಎಷ್ಟೋ ಸಲ ವಾಪಸ್ ಕಳಿಸಿವೆ. ನಿಮ್ಮ ತಂಗಿಯ ವಿಷಯದಲ್ಲಿ ಇಲಾಖೆಯ ವಕೀಲರು ಎತ್ತುವ ಮೊದಲ ಆಕ್ಷೇಪ ಇದೇ ಆಗಿರುತ್ತದೆ. ಹಾಗಾಗಿ ಅರ್ಜಿಯಲ್ಲಿ ಪರೀಕ್ಷೆ ನಡೆದ ರೀತಿಯ ದೋಷಗಳನ್ನು ಮುಂದಿಡಿ, ನಿಯಮದ ಪ್ರಶ್ನೆಯನ್ನು ಅದರ ಜೊತೆ ಸೇರಿಸಿ. ತಡ ಮಾಡಬೇಡಿ. ಆಯ್ಕೆ ಪಟ್ಟಿ ಹೊರಬಿದ್ದು ಬೇರೆಯವರು ಕೆಲಸಕ್ಕೆ ಸೇರಿದ ಮೇಲೆ ಪರಿಹಾರ ಸಿಗುವುದು ಕಷ್ಟ.

ಕೊನೆಯದಾಗಿ ಸಮಯದ ಲೆಕ್ಕ. ಮೆಯೋರಿನ್ ಕೇಸು ಮುಗಿಯಲು ಐದು ವರ್ಷ ಹಿಡಿಯಿತು. ಕಲ್ಲಿರಿ ಅರ್ಜಿ ಹಾಕಿದ್ದು 2007-08ನೇ ಸಾಲಿನ ಪ್ರವೇಶಕ್ಕೆ, ಐರೋಪ್ಯ ನ್ಯಾಯಾಲಯದ ತೀರ್ಪು ಬಂದದ್ದು 2017ರಲ್ಲಿ. ಬಾವರ್ ಏಳು ವರ್ಷ ಅಲೆದರು, ಅಷ್ಟರಲ್ಲಿ ಅದೇ ಸಂಸ್ಥೆಯಲ್ಲಿ ವಿಶ್ಲೇಷಕರಾಗಿ ಬೇರೆ ಕೆಲಸ ಹಿಡಿದಿದ್ದರು. ಆದ್ದರಿಂದ ಕೇಸು ಹಾಕಿದರೂ ತಂಗಿ ಓಡುವುದನ್ನು ನಿಲ್ಲಿಸಬಾರದು. ವಾರಕ್ಕೆ ಒಂದೆರಡು ದಿನ ಸಣ್ಣ ದೂರಗಳನ್ನು ವೇಗವಾಗಿ, ನಡುವೆ ಬಿಡುವು ಕೊಟ್ಟು ಓಡಿದರೆ ನಾಲ್ಕು ಸೆಕೆಂಡ್ ಕೆಲವೇ ತಿಂಗಳಲ್ಲಿ ಕೈಗೆ ಸಿಗುವಂಥದು. ಅವಳ ವಯಸ್ಸಿನ ಮಿತಿ ಮುಗಿಯಲು ಇನ್ನೆಷ್ಟು ವರ್ಷ ಇದೆ ಎಂದು ಇವತ್ತೇ ನೋಡಿ. ಅದು ಹತ್ತಿರ ಇದ್ದರೆ, ಮುಂದಿನ ಭರ್ತಿಯಲ್ಲಿ ತಾತ್ಕಾಲಿಕವಾಗಿ ಭಾಗವಹಿಸಲು ಅನುಮತಿ ಕೊಡಿ ಎಂಬ ಮಧ್ಯಂತರ ಕೋರಿಕೆಯನ್ನೂ ಅದೇ ಅರ್ಜಿಯಲ್ಲಿ ಸೇರಿಸಲು ವಕೀಲರಿಗೆ ಹೇಳಿ.